ಸ್ಟೀಮ್ ಲೈಬ್ರರಿ ತುಂಬಿ ತುಳುಕುತ್ತಿದೆ: ಯಾವ ಗೇಮ್ ಹೈಡ್ ಮಾಡಲಿ, ಯಾವುದನ್ನು ಎಲ್ಲಿ ಇಡಲಿ?

ನವನಗರ_ಪ್ಲೇಯರ್, ಬಾಗಲಕೋಟೆ

ಎಲ್ಲರಿಗೂ ನಮಸ್ಕಾರ. ಕಂಪ್ಯೂಟರ್ ಗೇಮ್ ಮಾರುವ ಆನ್‌ಲೈನ್ ಅಂಗಡಿ ಸ್ಟೀಮ್. ಅದರಲ್ಲಿ ನನ್ನ ಲೈಬ್ರರಿ, ಅಂದರೆ ನನ್ನ ಗೇಮ್‌ಗಳ ಪಟ್ಟಿ, ತೆರೆದರೆ ನನಗೇ ಸುಸ್ತಾಗುತ್ತದೆ. ಮುನ್ನೂರು ದಾಟಿದೆ. ಅದರಲ್ಲಿ ಆರಿಸಿ, ಯೋಚನೆ ಮಾಡಿ ತಗೊಂಡದ್ದು ಕಾಲು ಭಾಗವೂ ಇಲ್ಲ. ಉಳಿದದ್ದು ಬಂಡಲ್ (ಹಲವು ಗೇಮ್ ಒಟ್ಟಿಗೆ ಮಾರುವ ಕಟ್ಟು) ಜೊತೆ ಬಂದದ್ದು, ಸೇಲ್‌ನಲ್ಲಿ ಅಗ್ಗ ಅಂತ ಒತ್ತಿದ್ದು, ಆಡಿ ನೋಡಲು ಕೊಡುವ ಡೆಮೊ, ಯಾವುದೋ ಗೇಮಿನ ಟೆಸ್ಟ್ ಸರ್ವರ್. ಆಡಲು ಕೂತರೆ ಹುಡುಕುವುದರಲ್ಲೇ ಅರ್ಧ ಗಂಟೆ ಹೋಗುತ್ತದೆ.

ಇನ್ನೊಂದು ವಿಷಯ. ಕಂಪ್ಯೂಟರ್ ಇರುವುದು ಹಾಲ್‌ನಲ್ಲಿ. ಸಂಜೆ ಅಣ್ಣನ ಮಗ ಬಂದು ಕೂರುತ್ತಾನೆ. ಎಂಟನೇ ಕ್ಲಾಸು, ಹದಿಮೂರು ತುಂಬಿದೆ. ರಕ್ತ ಹಾರಿಸುವ ಗೇಮ್‌ಗಳು ಅವನ ಕಣ್ಣಿಗೆ ಬೀಳಬಾರದು ಅಂತ ಒಂದಿಷ್ಟನ್ನು ಹೈಡ್ ಮಾಡಿ ಇಟ್ಟೆ. ಇದರ ನಡುವೆ ಆಫೀಸಿನ ಗೆಳೆಯನೊಬ್ಬ ಫೋನ್ ಮಾಡಿ, "ಏನಪ್ಪಾ, ಮಧ್ಯಾಹ್ನ ಹನ್ನೆರಡಕ್ಕೆ ಹೊಲ ಉಳುವ ಗೇಮ್ ಆಡ್ತಾ ಇದ್ದೆ?" ಅಂತ ನಗುತ್ತಿದ್ದಾನೆ. ಅದು ಹೈಡ್ ಮಾಡಿದ ಗೇಮೇ! ಹಾಗಾದರೆ ಹೈಡ್ ಅಂದರೆ ಏನ್ರೀ ಅರ್ಥ? ತಿಳಿದವರು ಸ್ವಲ್ಪ ಬಿಡಿಸಿ ಹೇಳಿ.

ಬಾರಾಕಮಾನ್, ವಿಜಯಪುರ

ಮುನ್ನೂರರಲ್ಲಿ ಹತ್ತು ಇಟ್ಟುಕೊಂಡು ಉಳಿದದ್ದನ್ನು ಅಕೌಂಟ್‌ನಿಂದಲೇ ತೆಗೆದುಬಿಡಿ. ಯಾಕೆ ಬೇಕು ಈ ತಲೆನೋವು?

ಟಿಳಕವಾಡಿ_ಗೇಮರ್, ಬೆಳಗಾವಿ

ಬಾರಾಕಮಾನ್ ಅಣ್ಣಾ, ನೀವು ಯಾವಾಗಲೂ ಕೊಡಲಿ ಹಿಡಿದುಕೊಂಡೇ ಬರ್ತೀರಿ. ಆ ಮಾತಿಗೆ ಆಮೇಲೆ ಬರುತ್ತೇನೆ.

ನವನಗರದವರೇ, ನಿಮ್ಮ ಪ್ರಶ್ನೆ ಒಂದೇ ಅಂತ ಕಂಡರೂ ಒಳಗೆ ಬೇರೆ ಬೇರೆ ಕೆಲಸಗಳಿವೆ. ಯಾರ ಕಣ್ಣಿನಿಂದ ಮರೆ ಮಾಡಬೇಕು ಅನ್ನುವುದನ್ನು ಮೊದಲು ಗಟ್ಟಿ ಮಾಡಿಕೊಳ್ಳಿ. ನಿಮ್ಮ ಕಣ್ಣಿನಿಂದಲೋ, ಗೆಳೆಯರ ಕಣ್ಣಿನಿಂದಲೋ, ಮನೆಯ ಹುಡುಗನ ಕಣ್ಣಿನಿಂದಲೋ? ಮೂರಕ್ಕೂ ಬೇರೆ ಬೇರೆ ದಾರಿ.

ಹೈಡ್ ಇರುವುದು ನಿಮ್ಮ ಕಣ್ಣಿಗೆ ಮಾತ್ರ. ಗೇಮಿನ ಹೆಸರಿನ ಮೇಲೆ ರೈಟ್ ಕ್ಲಿಕ್, ಮ್ಯಾನೇಜ್, ಆಮೇಲೆ ಹೈಡ್ ದಿಸ್ ಗೇಮ್. ಅಷ್ಟು ಮಾಡಿದರೆ ಎಡಗಡೆಯ ಪಟ್ಟಿಯಿಂದ ಹೋಗುತ್ತದೆ. ಗೇಮ್ ನಿಮ್ಮದೇ, ಇನ್‌ಸ್ಟಾಲ್ ಆಗಿದ್ದರೆ ಡಿಸ್ಕ್‌ನಲ್ಲೂ ಹಾಗೇ ಇರುತ್ತದೆ. ಹಳೇ ಪಾತ್ರೆ ಅಟ್ಟಕ್ಕೆ ಹಾಕಿದ ಹಾಗೆ, ಮನೆಯಲ್ಲೇ ಇದೆ, ಕಾಲಿಗೆ ತಾಗುವುದಿಲ್ಲ ಅಷ್ಟೇ. ಆದರೆ ನೀವು ಅದನ್ನು ಆಡಿದರೆ ಗೆಳೆಯರ ಪಟ್ಟಿಯಲ್ಲಿ ನಿಮ್ಮ ಹೆಸರಿನ ಕೆಳಗೆ ಆ ಗೇಮಿನ ಹೆಸರು ಬಂದೇ ಬರುತ್ತದೆ. ನಿಮ್ಮ ಗೆಳೆಯ ನೋಡಿದ್ದು ಅದನ್ನೇ.

ಗೆಳೆಯರಿಗೆ ಕಾಣಬಾರದು ಅಂದರೆ ಅದೇ ಮ್ಯಾನೇಜ್ ಮೆನುವಿನಲ್ಲಿ ಮಾರ್ಕ್ ಆಸ್ ಪ್ರೈವೇಟ್ ಅಂತ ಇದೆ. ಇದು 2024ರ ಮಾರ್ಚ್‌ನಲ್ಲಿ ಎಲ್ಲರಿಗೂ ಬಂತು, ಹೊಸ ಶಾಪಿಂಗ್ ಕಾರ್ಟ್ ಜೊತೆಗೇ. ಪ್ರೈವೇಟ್ ಮಾಡಿದ ಗೇಮ್ ನಿಮ್ಮ ಹತ್ತಿರ ಇದೆ ಅನ್ನುವುದೂ ಬೇರೆಯವರಿಗೆ ಗೊತ್ತಾಗುವುದಿಲ್ಲ. ಈಗ ಆಡುತ್ತಿದ್ದೀರಿ, ಇಷ್ಟು ಗಂಟೆ ಆಡಿದ್ದೀರಿ, ಇವೂ ಕಾಣುವುದಿಲ್ಲ. ಕೊಳ್ಳುವಾಗಲೇ ಕಾರ್ಟ್‌ನಲ್ಲಿ ಪ್ರೈವೇಟ್ ಅಂತ ಆರಿಸಿಕೊಳ್ಳಬಹುದು.

ಅದಕ್ಕೂ ಮೊದಲು ಇದ್ದದ್ದು ಪ್ರೊಫೈಲ್‌ನ ಪ್ರೈವೆಸಿ ಸೆಟ್ಟಿಂಗ್ ಮಾತ್ರ. ಅಲ್ಲಿ ಗೇಮ್ ಡೀಟೇಲ್ಸ್ ಮುಚ್ಚಿದರೆ ಎಲ್ಲಾ ಗೇಮ್‌ಗಳೂ ಮುಚ್ಚುತ್ತವೆ. ಒಂದು ಗೇಮಿಗಾಗಿ ಇಡೀ ಅಂಗಡಿ ಬಾಗಿಲು ಹಾಕಬೇಕಿತ್ತು.

ಹಾಸ್ಟೆಲ್_ರೂಮ್_ನಂಬರ್_ಬೇಡ, ಬೆಳಗಾವಿ

ಟಿಳಕವಾಡಿ ಅಣ್ಣ ಹೇಳಿದ್ದಕ್ಕೆ ಒಂದು ಸೇರಿಸುತ್ತೇನೆ. ಸ್ಟೀಮ್‌ನಲ್ಲಿ ಪ್ರೈವೇಟ್ ಮಾಡಿ ನಿಶ್ಚಿಂತೆ ಅಂದುಕೊಳ್ಳಬೇಡಿ. ಹಿನ್ನೆಲೆಯಲ್ಲಿ ಡಿಸ್ಕಾರ್ಡ್ ಅನ್ನುವ ಚಾಟ್ ಆ್ಯಪ್ ಓಡುತ್ತಿದ್ದರೆ ಅದು ತಾನೇ ಗೇಮ್ ಗುರುತು ಹಿಡಿದು ಊರಿಗೆಲ್ಲ ಡಂಗುರ ಸಾರುತ್ತದೆ. ಸ್ಟೀಮ್‌ಗೂ ಅದಕ್ಕೂ ಸಂಬಂಧವಿಲ್ಲ. ಡಿಸ್ಕಾರ್ಡ್ ಸೆಟ್ಟಿಂಗ್ಸ್‌ಗೆ ಹೋಗಿ ಆಕ್ಟಿವಿಟಿ ತೋರಿಸುವುದನ್ನು ಬೇರೆಯಾಗಿ ಆಫ್ ಮಾಡಬೇಕು. ನಮ್ಮ ರೂಮಿನಲ್ಲಿ ಒಬ್ಬ ಇಂಟರ್ನಲ್ಸ್ ಹಿಂದಿನ ರಾತ್ರಿ "ಓದ್ತಾ ಇದೀನಿ" ಅಂತ ಮೆಸೇಜ್ ಹಾಕಿದ್ದ. ಅವನ ಹೆಸರಿನ ಕೆಳಗೇ ಡೋಟಾ 2 ಅಂತ ಬರುತ್ತಿತ್ತು.

ಆನ್‌ಲೈನ್ ಮ್ಯಾಚ್ ಆಡಿದರೆ ಎದುರಿಗೆ ಸಿಕ್ಕವರಿಗೆ ನಿಮ್ಮ ಹೆಸರು ಕಾಣುವುದು ಇದ್ದೇ ಇದೆ. ಅದಕ್ಕೆ ಸ್ಟೀಮ್‌ನಲ್ಲಿ ಯಾವ ಬಟನ್ನೂ ಇಲ್ಲ.

ನವನಗರ_ಪ್ಲೇಯರ್

ಆಹಾ, ಈಗ ಅರ್ಥವಾಯಿತು. ಹೊಲ ಉಳುವುದು ಪ್ರೈವೇಟ್ ಆಯಿತು. ಆದರೆ ಅಣ್ಣನ ಮಗನ ವಿಷಯ? ಹೈಡ್ ಮಾಡಿದ್ದು ಅವನಿಗೆ ಕಾಣುವುದಿಲ್ಲ ತಾನೇ?

ಟಿಳಕವಾಡಿ_ಗೇಮರ್

ಕಾಣುತ್ತದೆ! ಮೇಲಿನ ವ್ಯೂ ಮೆನು ಒತ್ತಿದರೆ ಹಿಡನ್ ಗೇಮ್ಸ್ ಅಂತ ಅಲ್ಲೇ ಇದೆ. ಪಾಸ್‌ವರ್ಡ್ ಇಲ್ಲ, ಪಿನ್ ಇಲ್ಲ. ಎಂಟನೇ ಕ್ಲಾಸಿನ ಹುಡುಗ ನಿಮಗಿಂತ ಮೊದಲೇ ಅಲ್ಲಿಗೆ ಹೋಗಿ ಬಂದಿರುತ್ತಾನೆ. ಪ್ರೈವೇಟ್ ಮಾಡಿದ್ದೂ ಅಷ್ಟೇ. ನಿಮ್ಮ ಅಕೌಂಟ್ ತೆರೆದು ಕೂತವನಿಗೆ ಅದು ಪಟ್ಟಿಯಲ್ಲಿ ಕಾಣುತ್ತದೆ. ಹುಡುಗರ ವಿಷಯಕ್ಕೆ ಹೈಡ್ ನಂಬಿಕೊಳ್ಳಲೇಬೇಡಿ.

ಅದಕ್ಕೆ ಇರುವುದು ಸ್ಟೀಮ್ ಫ್ಯಾಮಿಲೀಸ್. 2024ರ ಸೆಪ್ಟೆಂಬರ್‌ನಲ್ಲಿ ಎಲ್ಲರಿಗೂ ಬಿಟ್ಟರು. ಒಂದು ಗುಂಪಿನಲ್ಲಿ ನೀವೂ ಸೇರಿ 6 ಜನ. ಹುಡುಗನಿಗೆ ಅವನದೇ ಅಕೌಂಟ್ ಮಾಡಿಸಿ, ಚೈಲ್ಡ್ ಅಂತ ಸೇರಿಸಿ. ಯಾವ ಗೇಮ್ ಆಡಬಹುದು, ಎಷ್ಟು ಹೊತ್ತು ಆಡಬಹುದು, ಸ್ಟೋರ್ ಮತ್ತು ಚಾಟ್ ತೆರೆಯಬೇಕೋ ಬೇಡವೋ, ಎಲ್ಲವೂ ನಿಮ್ಮ ಕೈಯಲ್ಲಿ. ಏನಾದರೂ ಕೊಳ್ಳಬೇಕು ಅಂದರೆ ಅವನು ಕೇಳಬೇಕು, ನೀವು ಫೋನ್‌ನಲ್ಲೇ ಒಪ್ಪಿ ದುಡ್ಡು ಕಟ್ಟಬಹುದು. ಸೇವ್ ಫೈಲ್, ಅಚೀವ್‌ಮೆಂಟ್ ಅವನದು ಅವನಿಗೆ. ನೀವು ಪ್ರೈವೇಟ್ ಮಾಡಿದ ಗೇಮ್ ಅವನ ಕಡೆ ಹೋಗುವುದೇ ಇಲ್ಲ.

ಇನ್ನೊಂದು ಲಾಭ ಇದೆ. ನೀವು ಒಂದು ಗೇಮ್ ಆಡುವಾಗ ಅವನು ನಿಮ್ಮ ಲೈಬ್ರರಿಯ ಇನ್ನೊಂದು ಗೇಮ್ ಬೇರೆ ಕಂಪ್ಯೂಟರ್‌ನಲ್ಲಿ ಆಡಬಹುದು. ಒಂದೇ ಗೇಮ್ ಇಬ್ಬರೂ ಒಟ್ಟಿಗೆ ಆಡಬೇಕು ಅಂದರೆ ಮಾತ್ರ ಎರಡು ಕಾಪಿ ಬೇಕು. ಎಲ್ಲ ಗೇಮ್‌ಗೂ ಈ ಹಂಚಿಕೆ ನಡೆಯುವುದಿಲ್ಲ, ಕೆಲವು ಕಂಪನಿಯವರು ಬಿಟ್ಟುಕೊಟ್ಟಿಲ್ಲ.

ಮತ್ತೆ ನಿಮ್ಮ ಅಕೌಂಟ್‌ನಿಂದ ಸೈನ್ ಔಟ್ ಆಗುವುದನ್ನು ರೂಢಿ ಮಾಡಿಕೊಳ್ಳಿ. ಇಲ್ಲದಿದ್ದರೆ ಇದೆಲ್ಲ ಮಾಡಿ ಏನು ಬಂತು?

ಹಾಸ್ಟೆಲ್_ರೂಮ್_ನಂಬರ್_ಬೇಡ

ಹಾಸ್ಟೆಲ್ ಗೆಳೆಯರು 6 ಜನ ಸೇರಿ ಒಂದು ಫ್ಯಾಮಿಲಿ ಮಾಡಿಕೊಂಡರೆ?

ಟಿಳಕವಾಡಿ_ಗೇಮರ್

ತಮ್ಮಾ, ಅದು ಒಂದೇ ಮನೆಯವರಿಗೆ ಅಂತ ಮಾಡಿದ್ದು. ಅದು ಬಿಟ್ಟರೂ ಎರಡು ಕುತ್ತು ಇವೆ. ನಿನ್ನ ಕಾಪಿಯಲ್ಲಿ ಗೆಳೆಯ ಚೀಟ್ ಹಾಕಿ ಬ್ಯಾನ್ ಆದರೆ ಆ ಗೇಮಿನಲ್ಲಿ ನೀನೂ ಬ್ಯಾನ್ ಆಗಬಹುದು. ಇನ್ನೊಂದು, ಒಮ್ಮೆ ಸೇರಿ ಹೊರಗೆ ಬಂದರೆ, ಬೇರೆ ಫ್ಯಾಮಿಲಿ ಸೇರಲು ಮೊದಲು ಸೇರಿದ ದಿನದಿಂದ ಒಂದು ವರ್ಷ ಆಗುವವರೆಗೆ ಕಾಯಬೇಕು. ಸೆಮಿಸ್ಟರ್ ಮುಗಿಯುವಷ್ಟರಲ್ಲಿ ಜಗಳ ಆಡಿಕೊಳ್ಳುವ ಗೆಳೆಯರನ್ನು ಸೇರಿಸಿಕೊಂಡರೆ ನಿನಗೇ ಕಷ್ಟ.

ವಿದ್ಯಾಗಿರಿ_ಅಕ್ಕ, ಬಾಗಲಕೋಟೆ

ನನಗೂ ಇದೇ ಪ್ರಶ್ನೆ ಇತ್ತು, ಚರ್ಚೆ ನೋಡಿ ಖುಷಿಯಾಯಿತು. ಆದರೆ ನನ್ನ ಮಗಳು ಇನ್ನೂ ನಾಲ್ಕನೇ ಕ್ಲಾಸು. ಅವಳಿಗೂ ಚೈಲ್ಡ್ ಅಕೌಂಟ್ ಮಾಡಬಹುದಾ? ಮನೆಯವರ ಲ್ಯಾಪ್‌ಟಾಪ್ ಒಂದೇ ಇರುವುದು. ಅವರ ಗೇಮ್‌ಗಳ ಚಿತ್ರ ನೋಡಿದರೆ ನನಗೇ ಹೆದರಿಕೆ ಆಗುತ್ತದೆ.

ಟಿಳಕವಾಡಿ_ಗೇಮರ್

ಅಕ್ಕಾ, ಸ್ಟೀಮ್ ಅಕೌಂಟ್‌ಗೆ ಕನಿಷ್ಠ 13 ವರ್ಷ ಆಗಿರಬೇಕು. ಸುಳ್ಳು ಹುಟ್ಟಿದ ದಿನ ಹಾಕಿ ಮಾಡಿ ಅಂತ ನಾನು ಹೇಳುವುದಿಲ್ಲ. ನಾಲ್ಕನೇ ಕ್ಲಾಸಿನ ಹುಡುಗಿಗೆ ಸ್ಟೀಮ್ ಬೇಕಾಗಿಯೂ ಇಲ್ಲ.

ಹೀಗೆ ಮಾಡಿ. ವಿಂಡೋಸ್‌ನಲ್ಲಿ ಅವಳಿಗೆ ಬೇರೆ ಯೂಸರ್ ಮಾಡಿ. ಗಾಗ್ (GOG) ಅನ್ನುವ ಇನ್ನೊಂದು ಆನ್‌ಲೈನ್ ಅಂಗಡಿಯಲ್ಲಿ ಕೊಂಡ ಗೇಮ್‌ಗೆ ಆಫ್‌ಲೈನ್ ಇನ್‌ಸ್ಟಾಲರ್ ಸಿಗುತ್ತದೆ. ಅದನ್ನು ಇಳಿಸಿ ಇನ್‌ಸ್ಟಾಲ್ ಮಾಡಿದರೆ ಆಯಿತು. ಲಾಗಿನ್ ಬೇಡ, ಲಾಂಚರ್ ಬೇಡ, ಸ್ಟೋರ್ ಕಾಣುವುದಿಲ್ಲ, ಚಾಟ್ ಇಲ್ಲ. ಸ್ಟಾರ್ಡ್ಯೂ ವ್ಯಾಲಿ ಅಲ್ಲಿ ಸಿಗುತ್ತದೆ. ಹೊಲ, ಕೋಳಿ, ಮೀನು. ಊರಲ್ಲಿ ಗದ್ದುಗೆ ಮುಂದಿನ ಜಾತ್ರೆ ಒಂದು ಬಿಟ್ಟು ಎಲ್ಲಾ ಇದೆ. ಮೊದಲು ನೀವೇ ಸ್ವಲ್ಪ ಆಡಿ ನೋಡಿ, ಆ ಊರಿನಲ್ಲಿ ಒಂದು ಹೆಂಡದ ಅಂಗಡಿಯೂ ಇದೆ. ನನ್ನ ಕಣ್ಣಿಗೆ ಅದರಲ್ಲಿ ಹೆದರುವಂಥದ್ದು ಏನಿಲ್ಲ, ತೀರ್ಮಾನ ನಿಮ್ಮದು.

ವಿದ್ಯಾಗಿರಿ_ಅಕ್ಕ

ಇದು ಸರಿ ಅನ್ನಿಸಿತು. ಧನ್ಯವಾದ ತಮ್ಮಾ.

ಬಾರಾಕಮಾನ್

ನೀವೆಲ್ಲ ಮುಚ್ಚುವುದರ ಬಗ್ಗೆಯೇ ಮಾತಾಡ್ತಾ ಇದೀರಿ. ತೆಗೆದುಹಾಕುವ ಮಾತಿಗೆ ಯಾರೂ ಉತ್ತರ ಕೊಡಲಿಲ್ಲ. ನನ್ನ ಲೆಕ್ಕ ಸರಳ. ಎರಡು ವರ್ಷ ಮುಟ್ಟದ ಗೇಮನ್ನು ಮುಂದೆಯೂ ಮುಟ್ಟುವುದಿಲ್ಲ. ಸ್ಟೀಮ್ ಸಪೋರ್ಟ್‌ಗೆ ಹೋಗಿ, ಗೇಮ್ ಆರಿಸಿ, ಅಕೌಂಟ್‌ನಿಂದ ಶಾಶ್ವತವಾಗಿ ತೆಗೆಯಿರಿ ಅಂತ ಒತ್ತಿದರೆ ಮುಗಿಯಿತು. ಹೈಡ್ ಮಾಡಿದರೆ ಅದು ಅಲ್ಲೇ ಇದೆ ಅಂತ ತಲೆಯಲ್ಲಿ ಕೊರೆಯುತ್ತಲೇ ಇರುತ್ತದೆ.

ಟಿಳಕವಾಡಿ_ಗೇಮರ್

ಅಣ್ಣಾ, ತೆಗೆದರೆ ದುಡ್ಡು ವಾಪಸ್ ಬರುವುದಿಲ್ಲ. ರಿಫಂಡ್ ಬೇರೆ ವಿಷಯ. ಅದಕ್ಕೆ ಕೊಂಡು 14 ದಿನದ ಒಳಗೆ ಕೇಳಬೇಕು, 2 ಗಂಟೆಗಿಂತ ಕಡಿಮೆ ಆಡಿರಬೇಕು. ಆಮೇಲೆ ಪ್ಯಾಕೇಜ್ ಅಂತ ಒಂದು ಸಂಗತಿ ಇದೆ. ನಾಲ್ಕು ಗೇಮ್ ಒಂದೇ ಪ್ಯಾಕೇಜ್‌ನಲ್ಲಿ ಬಂದಿದ್ದರೆ, ಒಂದನ್ನು ತೆಗೆಯಲು ಹೋದಾಗ ಉಳಿದ ಮೂರೂ ಹೋಗುತ್ತವೆ. ಒತ್ತುವ ಮುಂಚೆ ಯಾವುದೆಲ್ಲ ಹೋಗುತ್ತದೆ ಅಂತ ಪಟ್ಟಿ ತೋರಿಸುತ್ತದೆ. ಆ ಪಟ್ಟಿ ಓದದೆ ಮುಂದೆ ಹೋಗಬೇಡಿ.

ಡೆಮೊ ಮಾತ್ರ ಕಣ್ಣು ಮುಚ್ಚಿ ತೆಗೆಯಬಹುದು. 2024ರ ಜುಲೈನಲ್ಲಿ ಡೆಮೊ ವ್ಯವಸ್ಥೆ ಬದಲಾಯಿಸಿದರು. ಈಗ ರೈಟ್ ಕ್ಲಿಕ್ ಮೆನುವಿನಿಂದಲೇ ಡೆಮೊವನ್ನು ಅಕೌಂಟ್‌ನಿಂದ ತೆಗೆದುಹಾಕಬಹುದು. ನವನಗರದವರ ಪಟ್ಟಿಯ ಅರ್ಧ ಗದ್ದಲ ಅಲ್ಲೇ ಇಳಿಯುತ್ತದೆ.

ಹೊತ್ತಗೊತ್ತು, ಬೆಳಗಾವಿ

ಶಾಶ್ವತವಾಗಿ ತೆಗೆಯುವುದಕ್ಕೆ ನಾನು ಯಾಕೆ ಒಪ್ಪುವುದಿಲ್ಲ ಅಂದರೆ, ಸ್ಟೋರ್‌ನಿಂದಲೇ ಮಾಯವಾಗುವ ಗೇಮ್‌ಗಳು ಇವೆ. ಲೈಸೆನ್ಸ್ ಮುಗಿದು ಮಾರಾಟ ನಿಂತರೂ, ಮೊದಲೇ ಕೊಂಡವರ ಲೈಬ್ರರಿಯಲ್ಲಿ ಅದು ಸಾಮಾನ್ಯವಾಗಿ ಉಳಿಯುತ್ತದೆ. ಅಂಥದ್ದನ್ನು ತೆಗೆದುಬಿಟ್ಟರೆ ಮತ್ತೆ ಎಲ್ಲಿಂದ ಕೊಳ್ಳುತ್ತೀರಿ?

ಉಳಿಯುತ್ತದೆ ಅನ್ನುವುದೂ ಪೂರ್ತಿ ಖಾತ್ರಿ ಅಲ್ಲ ಬಿಡಿ. ಯೂಬಿಸಾಫ್ಟ್ ಕಂಪನಿಯ ದಿ ಕ್ರೂ ಗೇಮಿನ ಸರ್ವರ್ 2024ರ ಮಾರ್ಚ್ 31ಕ್ಕೆ ಮುಚ್ಚಿದರು. ಒಬ್ಬರೇ ಆಡುವವರಿಗೂ ಸರ್ವರ್ ಬೇಕಿದ್ದ ಗೇಮ್ ಅದು, ದುಡ್ಡು ಕೊಟ್ಟವರೆಲ್ಲ ಕೈ ಕೈ ಹಿಸುಕಿಕೊಂಡರು. ಸ್ಟಾಪ್ ಕಿಲ್ಲಿಂಗ್ ಗೇಮ್ಸ್ ಅನ್ನುವ ಹೋರಾಟ ಹುಟ್ಟಿದ್ದೇ ಅದರಿಂದ. ಕ್ಯಾಲಿಫೋರ್ನಿಯಾದಲ್ಲಿ 2025ರ ಜನವರಿ 1ರಿಂದ ಹೊಸ ಕಾನೂನು ಬಂದಿದೆ. ಡಿಜಿಟಲ್ ಸಾಮಾನು ಮಾರುವವರು ಇದು ಬರೀ ಲೈಸೆನ್ಸ್ (ಬಳಸಲು ಅನುಮತಿ, ಒಡೆತನವಲ್ಲ) ಅಂತ ಸ್ಪಷ್ಟವಾಗಿ ಹೇಳಬೇಕು. ಸ್ಟೀಮ್ ಕಾರ್ಟ್‌ನಲ್ಲಿ ಈಗ ಆ ಸಾಲು ಕಾಣುತ್ತದೆ, ಓದುವವರು ಕಡಿಮೆ.

ಹಾಗಾಗಿ ಹೈಡ್ ಮಾಡಿ, ಇಟ್ಟುಕೊಳ್ಳಿ. ಇನ್‌ಸ್ಟಾಲ್ ಮಾಡದಿದ್ದರೆ ಜಾಗ ಏನೂ ತಿನ್ನುವುದಿಲ್ಲ.

ಬಾರಾಕಮಾನ್

ಗೇಮೇ ನಮ್ಮದಲ್ಲ, ಬರೀ ಲೈಸೆನ್ಸ್ ಅಂದ ಮೇಲೆ ಕಾಪಾಡಿಕೊಂಡು ಏನು ಮಾಡುವುದು? ಇರಲಿ, ಪ್ಯಾಕೇಜ್ ಮಾತು ಒಪ್ಪಿದೆ.

ನವನಗರ_ಪ್ಲೇಯರ್

ಬಾರಾಕಮಾನ್ ಅಣ್ಣ ಬೈದರೂ ನಾನು ಇಟ್ಟುಕೊಳ್ಳುವವನೇ. ಈಗ ಜೋಡಿಸುವುದು ಹೇಗೆ ಹೇಳಿ. ಆ್ಯಕ್ಷನ್, ರೇಸಿಂಗ್, ಪಜಲ್ ಅಂತ ಕಲೆಕ್ಷನ್ (ಲೈಬ್ರರಿಯೊಳಗಿನ ಗುಂಪು) ಮಾಡಲು ಶುರು ಮಾಡಿದೆ. ಒಂದೇ ಗೇಮ್ ಮೂರು ಕಡೆ ಬರುತ್ತಿದೆ.

ಟಿಳಕವಾಡಿ_ಗೇಮರ್

ಜಾನರ್ (ಗೇಮಿನ ಬಗೆ) ಪ್ರಕಾರ ಕೈಯಿಂದ ಜೋಡಿಸುವುದು ವೇಸ್ಟ್. ಆ ಕೆಲಸ ಸ್ಟೀಮ್ ತಾನೇ ಮಾಡುತ್ತದೆ. 2019ರ ಅಕ್ಟೋಬರ್‌ನಲ್ಲಿ ಲೈಬ್ರರಿ ಹೊಸದಾದಾಗ ಡೈನಾಮಿಕ್ ಕಲೆಕ್ಷನ್ ಬಂತು. ನೀವು ಫಿಲ್ಟರ್ ಕೊಟ್ಟರೆ ಸಾಕು. ರೇಸಿಂಗ್ ಟ್ಯಾಗ್, ಇನ್ನೂ ಆಡಿಲ್ಲ, ಕಂಟ್ರೋಲರ್ ನಡೆಯುತ್ತದೆ, ಇಷ್ಟು ಹೇಳಿದರೆ ಹೊಂದುವ ಗೇಮ್ ಎಲ್ಲ ತಾವೇ ಬಂದು ಕೂರುತ್ತವೆ. ನಾಳೆ ಹೊಸದು ಕೊಂಡರೆ ಅದೂ ಸೇರುತ್ತದೆ. ಒಮ್ಮೆ ಆಡಿದರೆ "ಆಡಿಲ್ಲ" ಪಟ್ಟಿಯಿಂದ ತಾನೇ ಹೊರಗೆ ಹೋಗುತ್ತದೆ.

ಕೈಯಿಂದ ಮಾಡುವ ಕಲೆಕ್ಷನ್ ಬೇಕಾಗುವುದು ಸ್ಟೀಮ್‌ಗೆ ಗೊತ್ತಿಲ್ಲದ ವಿಷಯಕ್ಕೆ. ನನಗೆ ಯಾವಾಗ ಎಷ್ಟು ಹೊತ್ತು ಸಿಗುತ್ತದೆ, ಯಾರು ಜೊತೆಗಿರುತ್ತಾರೆ, ಕರೆಂಟ್ ಇರುತ್ತದೋ ಇಲ್ಲವೋ. ನನ್ನ ಲ್ಯಾಪ್‌ಟಾಪ್‌ನಲ್ಲಿ "ಕರೆಂಟ್ ಇಲ್ಲ" ಅಂತಲೇ ಒಂದು ಕಲೆಕ್ಷನ್ ಇದೆ. ಬ್ಯಾಟರಿ ಜಾಸ್ತಿ ತಿನ್ನದ, ನೆಟ್ ಬೇಡದ, ಎಲ್ಲಿ ಬೇಕಾದರೂ ಸೇವ್ ಆಗುವ ಚಿಕ್ಕ ಗೇಮ್‌ಗಳು. ಏಪ್ರಿಲ್, ಮೇ ತಿಂಗಳಲ್ಲಿ ಅದೇ ಕೈ ಹಿಡಿಯುತ್ತದೆ. ಇನ್ನೊಂದು "ಪುಣೆ ತಮ್ಮ ಬಂದಾಗ". ಒಂದೇ ಪರದೆಯಲ್ಲಿ ಇಬ್ಬರು ಆಡುವಂಥವು. ಮೂರನೆಯದು "ಅರ್ಧ ಆಗಿದೆ". ಅದರಲ್ಲಿ ನಾಲ್ಕಕ್ಕಿಂತ ಜಾಸ್ತಿ ಇಡುವುದಿಲ್ಲ. ಐದನೆಯದು ಬಂದರೆ ಒಂದನ್ನು ಮುಗಿಸಬೇಕು, ಇಲ್ಲ "ಕೈಬಿಟ್ಟದ್ದು" ಕಲೆಕ್ಷನ್‌ಗೆ ತಳ್ಳಬೇಕು.

ಆ "ಕೈಬಿಟ್ಟದ್ದು" ಕಲೆಕ್ಷನ್ ತುಂಬಾ ಮುಖ್ಯ. ವಿಚರ್ 3 ನನಗೆ ಹಿಡಿಸಲಿಲ್ಲ. ಲೋಕವೆಲ್ಲ ಹೊಗಳುವ ಗೇಮ್, ಮತ್ತೆ ಮತ್ತೆ ಶುರು ಮಾಡಬೇಕು ಅಂತ ಅದು ಎದುರಿಗೇ ಕೂತು ಕಾಡುತ್ತಿತ್ತು. ಈಗ ಅಲ್ಲಿಗೆ ಹಾಕಿ ಹೈಡ್ ಮಾಡಿದ್ದೇನೆ. ನಾಳೆ ಮನಸ್ಸಾದರೆ ತೆಗೆಯುತ್ತೇನೆ.

ಹೊತ್ತಗೊತ್ತು

ವಿಚರ್ 3 ಹಿಡಿಸಲಿಲ್ಲ ಅಂದವರನ್ನು ಬೆಳಗಾವಿಯಿಂದ ಗಡಿಪಾರು ಮಾಡಬೇಕು.

ಬಾರಾಕಮಾನ್

ವಿಜಯಪುರಕ್ಕೆ ಕಳಿಸಿ, ನಾವು ಇಟ್ಟುಕೊಳ್ಳುತ್ತೇವೆ. ಮೊದಲ ಬಾರಿ ಒಳ್ಳೆ ಮಾತು ಹೇಳಿದ್ದಾರೆ.

ಹಾಸ್ಟೆಲ್_ರೂಮ್_ನಂಬರ್_ಬೇಡ

ನನ್ನ ಸಮಸ್ಯೆ ಡಿಸ್ಕ್. 512 ಜಿಬಿ ಎಸ್‌ಎಸ್‌ಡಿ. ಬಾಲ್ಡರ್ಸ್ ಗೇಟ್ 3 ಒಂದಕ್ಕೇ 150 ಜಿಬಿ ಕೇಳುತ್ತದೆ. ಲೈಬ್ರರಿ ಹೋಮ್‌ನಲ್ಲಿ ಇನ್‌ಸ್ಟಾಲ್ ಆದವುಗಳ ಶೆಲ್ಫ್ ಮಾಡಿ, ಸೈಜ್ ಆನ್ ಡಿಸ್ಕ್ ಪ್ರಕಾರ ಸಾರ್ಟ್ ಮಾಡಿ ಇಟ್ಟಿದ್ದೇನೆ. ಯಾವುದು ಹೊಟ್ಟೆಬಾಕ ಅಂತ ತಕ್ಷಣ ಗೊತ್ತಾಗುತ್ತದೆ. ಹೈಡ್ ಮಾಡಿದರೆ ಡಿಸ್ಕ್ ಖಾಲಿ ಆಗುವುದಿಲ್ಲ ಅನ್ನುವುದನ್ನು ಹೊಸಬರು ಗಮನಿಸಿ. ಅನ್‌ಇನ್‌ಸ್ಟಾಲ್ ಮಾಡಿ ಆಮೇಲೆ ಹೈಡ್ ಮಾಡಿ.

ಶಹಾಪುರ_ಕಂಟ್ರೋಲರ್, ಬೆಳಗಾವಿ

ಪಿಎಸ್5 (ಸೋನಿಯ ಗೇಮ್ ಕನ್ಸೋಲ್) ಇರುವವರಿಗೆ ಒಂದು ಮಾತು. ಅಲ್ಲಿ ಗೇಮ್‌ಲಿಸ್ಟ್ ಅಂತ ಇದೆ, 2022ರ ಸೆಪ್ಟೆಂಬರ್‌ನಲ್ಲಿ ಬಂತು. 15 ಲಿಸ್ಟ್, ಒಂದೊಂದರಲ್ಲಿ 100 ಗೇಮ್. ಪ್ರೊಫೈಲ್‌ನಲ್ಲಿ ಯಾವ ಗೇಮ್ ಬೇರೆಯವರಿಗೆ ಕಾಣಬಾರದು ಅಂತ ಆರಿಸುವುದು ಪ್ರೈವೆಸಿ ಸೆಟ್ಟಿಂಗ್‌ನಲ್ಲಿದೆ. ನಿಂಟೆಂಡೊ ಸ್ವಿಚ್ ಕನ್ಸೋಲ್‌ಗೆ ಗೇಮ್‌ಗಳನ್ನು ಗುಂಪು ಮಾಡುವ ಗ್ರೂಪ್ ಸೌಲಭ್ಯ ಬರಲು 2022ರ ಮಾರ್ಚ್ ಆಯಿತು. ಕನ್ಸೋಲ್ ಬಂದದ್ದು 2017ರಲ್ಲಿ! ಐದು ವರ್ಷ ಜನ ಒಂದೇ ಸಾಲಿನಲ್ಲಿ ಹುಡುಕಿದರು.

ನವನಗರ_ಪ್ಲೇಯರ್

ಇನ್ನೊಂದು ಕೇಳಲೇ? ಎಪಿಕ್ ಅನ್ನುವ ಇನ್ನೊಂದು ಗೇಮ್ ಅಂಗಡಿಯಲ್ಲಿ ವಾರ ವಾರ ಪುಕ್ಕಟೆ ಕೊಟ್ಟದ್ದನ್ನೂ ಬಿಡದೆ ತಗೊಂಡಿದ್ದೇನೆ. 2020ರ ಮೇ ತಿಂಗಳಲ್ಲಿ ಜಿಟಿಎ 5 ಕೊಟ್ಟಾಗಿನಿಂದ ಹಿಡಿದ ಚಾಳಿ. ಬಿಟ್ಟಿ ಸಿಕ್ಕರೆ ನನಗೂ ಇರಲಿ, ನಮ್ಮಪ್ಪನಿಗೂ ಇರಲಿ ಅನ್ನುವ ಹಾಗೆ. ಈಗ ಒಂದೇ ಗೇಮ್ ಎರಡು ಅಂಗಡಿಯಲ್ಲಿದೆ. ಎಲ್ಲವನ್ನೂ ಒಂದೇ ಕಡೆ ನೋಡಲು ಆಗುತ್ತದಾ?

ಹೊತ್ತಗೊತ್ತು

ಪ್ಲೇನೈಟ್ ಅನ್ನುವ ಸಾಫ್ಟ್‌ವೇರ್ ಹಾಕಿಕೊಳ್ಳಿ. ಪುಕ್ಕಟೆ, ಓಪನ್ ಸೋರ್ಸ್, ವಿಂಡೋಸ್‌ನಲ್ಲಿ ಓಡುತ್ತದೆ. ಸ್ಟೀಮ್, ಎಪಿಕ್, ಗಾಗ್ ಎಲ್ಲದರ ಪಟ್ಟಿಯನ್ನೂ ತಂದು ಒಂದೇ ಕಡೆ ತೋರಿಸುತ್ತದೆ. ಟ್ಯಾಗ್ ಹಾಕಬಹುದು, "ಮುಗಿಸಿದೆ", "ಕೈಬಿಟ್ಟೆ" ಅಂತ ಗುರುತು ಮಾಡಬಹುದು, ಎರಡೆರಡು ಇದ್ದರೆ ಒಂದನ್ನು ಹೈಡ್ ಮಾಡಬಹುದು. ಅಲ್ಲಿ ಹೈಡ್ ಮಾಡಿದ್ದು ಅಲ್ಲಿಗೆ ಮಾತ್ರ, ಸ್ಟೀಮ್‌ನಲ್ಲಿ ಹಾಗೇ ಇರುತ್ತದೆ. ಮಾಹಿತಿ ನಿಮ್ಮ ಕಂಪ್ಯೂಟರ್‌ನಲ್ಲೇ ಇರುವುದರಿಂದ ಆಗಾಗ ಬ್ಯಾಕಪ್ ತೆಗೆಯಿರಿ. ಗಾಗ್ ಗ್ಯಾಲಕ್ಸಿಯೂ ಇದೇ ಕೆಲಸ ಮಾಡುತ್ತದೆ, ನೋಡಲು ಚೆಂದ. ಆದರೆ ಬೇರೆ ಅಂಗಡಿಗಳ ಜೊತೆಗಿನ ಸಂಪರ್ಕ ಆಗಾಗ ತಪ್ಪುತ್ತದೆ, ಮತ್ತೆ ಲಾಗಿನ್ ಆಗಬೇಕು. ನನಗೆ ಪ್ಲೇನೈಟೇ ವಾಸಿ.

ವೇದಿಕೆ ನಿರ್ವಾಹಕರು

ಸಣ್ಣ ಸೂಚನೆ. "ಬೇಡದ ಗೇಮ್ ಇರುವ ಅಕೌಂಟ್ ಮಾರುತ್ತೇನೆ" ಅಂತ ಬಂದ ಪೋಸ್ಟ್ ತೆಗೆದಿದ್ದೇವೆ. ಅಕೌಂಟ್ ಮಾರುವುದು ಸ್ಟೀಮ್ ನಿಯಮಕ್ಕೆ ವಿರುದ್ಧ. ಚರ್ಚೆ ಮುಂದುವರಿಸಿ.

ವಿದ್ಯಾಗಿರಿ_ಅಕ್ಕ

ಕಲೆಕ್ಷನ್ ಹೆಸರು ಕನ್ನಡದಲ್ಲಿ ಇಡಬಹುದಾ? ಮನೆಯವರು ಆಗುವುದಿಲ್ಲ ಅಂತಾರೆ.

ಟಿಳಕವಾಡಿ_ಗೇಮರ್

ಆಗುತ್ತದೆ ಅಕ್ಕಾ. ನನ್ನವೆಲ್ಲ ಕನ್ನಡದಲ್ಲೇ ಇವೆ. ಇಂಗ್ಲಿಷ್ ಹೆಸರಿನವು ಮೇಲೆ ಬರುತ್ತವೆ, ಕನ್ನಡದವು ಕೆಳಗೆ ಹೋಗುತ್ತವೆ. ಮೇಲೆ ಬೇಕು ಅಂದರೆ ಹೆಸರಿನ ಮುಂದೆ 1, 2, 3 ಅಂತ ಅಂಕಿ ಹಾಕಿ. ಕಲೆಕ್ಷನ್ ಅಕೌಂಟ್ ಜೊತೆಗೇ ಇರುತ್ತದೆ, ಬೇರೆ ಕಂಪ್ಯೂಟರ್‌ನಲ್ಲಿ ಲಾಗಿನ್ ಆದರೂ ಬರುತ್ತದೆ. ಮನೆಯವರಿಗೆ ತೋರಿಸಿ.

ನವನಗರ_ಪ್ಲೇಯರ್

ಇವತ್ತು ಕೂತು ಮಾಡಿದೆ. ಡೆಮೊ ಎಲ್ಲ ಹೋದವು. ಹುಡುಗನಿಗೆ ಚೈಲ್ಡ್ ಅಕೌಂಟ್ ಆಯಿತು, ಯೂರೋ ಟ್ರಕ್ ಸಿಮ್ಯುಲೇಟರ್ 2 ಮತ್ತು ರಾಜಿ ಅನ್ನುವ ಗೇಮ್ ಆಡಲು ಬಿಟ್ಟುಕೊಟ್ಟಿದ್ದೇನೆ. ರಾಜಿ ಪುಣೆಯವರು ಮಾಡಿದ್ದು ಅಂತ ಹೇಳಿದ ಮೇಲೆ ಅವನಿಗೆ ಅದರ ಮೇಲೆಯೇ ಜೀವ. ಬಂಡಲ್ ಕಸವನ್ನು ಒಂದೊಂದಾಗಿ ಹೈಡ್ ಮಾಡಿ ಬೆರಳು ನೋವು ಬಂತು. ಒಟ್ಟಿಗೆ ಮಾಡಲು ದಾರಿ ಇಲ್ಲವಾ? ಮತ್ತೆ, ಹೈಡ್ ತೆಗೆದರೆ ಪ್ರೈವೇಟ್ ಕೂಡ ಹೋಗುತ್ತದಾ?

ಟಿಳಕವಾಡಿ_ಗೇಮರ್

ಎಡಗಡೆ ಪಟ್ಟಿಯಲ್ಲಿ ಒಂದನ್ನು ಒತ್ತಿ, ಶಿಫ್ಟ್ ಹಿಡಿದು ಕೊನೆಯದನ್ನು ಒತ್ತಿ. ನಡುವಿನವೆಲ್ಲ ಆಯ್ಕೆ ಆಗುತ್ತವೆ. ಅಲ್ಲಲ್ಲಿ ಬಿಡಿಬಿಡಿಯಾಗಿ ಬೇಕಾದರೆ ಕಂಟ್ರೋಲ್ ಹಿಡಿದು ಒತ್ತಿ. ಆಮೇಲೆ ರೈಟ್ ಕ್ಲಿಕ್ ಮಾಡಿ ಒಟ್ಟಿಗೆ ಹೈಡ್ ಮಾಡಬಹುದು. ವಾಪಸ್ ತರುವುದಕ್ಕೂ ಇದೇ ದಾರಿ, ಹಿಡನ್ ಗೇಮ್ಸ್ ತೆರೆದು ಆರಿಸಿ, ಹಿಡನ್‌ನಿಂದ ತೆಗೆಯಿರಿ.

ಪ್ರೈವೇಟ್ ಬೇರೆ, ಹೈಡ್ ಬೇರೆ. ಒಂದನ್ನು ತೆಗೆದರೆ ಇನ್ನೊಂದು ಹಾಗೇ ಇರುತ್ತದೆ. ಹೊಲದ ಗೇಮ್ ಧೈರ್ಯವಾಗಿ ಮೇಲೆ ತನ್ನಿ, ಗೆಳೆಯನಿಗೆ ಕಾಣುವುದಿಲ್ಲ. ಡಿಸ್ಕಾರ್ಡ್ ಆಫ್ ಮಾಡಿದ್ದೀರಿ ತಾನೇ?

ನವನಗರ_ಪ್ಲೇಯರ್

ಅಯ್ಯೋ, ಅದೊಂದು ಉಳಿದಿದೆ. ಈಗಲೇ ಮಾಡುತ್ತೇನೆ.